ಆಟ ಮುಗಿದ ಮೇಲೆ ಗೇಮ್ ಕ್ಲೋಸ್ ಮಾಡಬೇಕಾ, ಹಾಗೇ ಬಿಡಬೇಕಾ?

ಹಾಸನ್_ಹುಡುಗ
ಮನೆಯಲ್ಲಿ ಒಂದು ಪಿಎಸ್5 ಗೇಮ್ ಕನ್ಸೋಲ್. ಆಡುವವರು ಇಬ್ಬರು, ನಾನು ಮತ್ತು ತಮ್ಮ. ನಾನು ಆಟ ಮುಗಿದ ತಕ್ಷಣ ಗೇಮ್ ಕ್ಲೋಸ್ ಮಾಡಿ, ಕನ್ಸೋಲ್ ಪೂರ್ತಿ ಆಫ್ ಮಾಡಿ ಏಳುತ್ತೇನೆ. ಅವನು ಹಾಗಲ್ಲ. ಗೇಮ್ ಎಲ್ಲಿದೆಯೋ ಅಲ್ಲೇ ಬಿಟ್ಟು, ಕನ್ಸೋಲನ್ನು ಪೂರ್ತಿ ಆಫ್ ಮಾಡದೆ ನಿದ್ದೆಗೆ ಕಳಿಸುವ ರೆಸ್ಟ್ ಮೋಡ್‌ಗೆ ಹಾಕಿ ಹೋಗುತ್ತಾನೆ. ನಿನ್ನೆ ನಾನು ಬಂದು ನನ್ನ ಗೇಮ್ ಶುರು ಮಾಡಿದೆ, ಅವನದು ಕ್ಲೋಸ್ ಆಯಿತು. ಒಂದೂವರೆ ಗಂಟೆ ಆಡಿದ್ದೆಲ್ಲ ಹೋಯಿತಂತೆ. ಈಗ ಮಾತಿಲ್ಲ, ಕತೆಯಿಲ್ಲ. ಊಟಕ್ಕೂ ಬೇರೆ ಬೇರೆ ಹೊತ್ತಿಗೆ ಕೂರುತ್ತಿದ್ದೇವೆ. ಸರಿಯಾದ ಕ್ರಮ ಯಾವುದು ಅಂತ ನೀವೇ ಹೇಳಿ. ತೀರ್ಪನ್ನು ಅಮ್ಮನಿಗೆ ತೋರಿಸಬೇಕು.

ಸೇವ್‌ಪಾಯಿಂಟ್
ತೀರ್ಪು ತಾನೇ? ಇಬ್ಬರದೂ ತಪ್ಪು.

ಪಿಎಸ್5ರಲ್ಲಿ ಒಂದು ಸಲಕ್ಕೆ ಒಂದೇ ಗೇಮ್ ಜೀವ ಹಿಡಿದುಕೊಂಡಿರುತ್ತದೆ. ಎರಡನೆಯದನ್ನು ಶುರು ಮಾಡಿದರೆ ಮೊದಲನೆಯದು ಕ್ಲೋಸ್ ಆಗಲೇಬೇಕು. ಯೂಸರ್ ಬೇರೆಯಾದರೂ ಅಷ್ಟೇ. ಅದಕ್ಕೆ ಮೊದಲು ಪರದೆಯ ಮೇಲೆ ಎಚ್ಚರಿಕೆ ಬರುತ್ತದೆ, ಸೇವ್ ಆಗದ್ದು ಹೋಗುತ್ತದೆ ಅಂತ. ಓಕೆ ಒತ್ತಿದ್ದು ನೀವು, ಓದದೆ. ಅದು ನಿಮ್ಮ ತಪ್ಪು. ರೆಸ್ಟ್ ಮೋಡ್ ಅಂದರೇ ಸೇವ್ ಅಂದುಕೊಂಡದ್ದು ತಮ್ಮನ ತಪ್ಪು.

ಸೇವ್ ಅಂದರೆ ಆಟದ ಲೆಕ್ಕವನ್ನು ಕರೆಂಟ್ ಹೋದರೂ ಅಳಿಯದ ಜಾಗದಲ್ಲಿ, ಅಂದರೆ ಹಾರ್ಡ್ ಡಿಸ್ಕ್‌ನಲ್ಲೋ ಎಸ್‌ಎಸ್‌ಡಿಯಲ್ಲೋ ಬರೆದಿಡುವುದು. ಸಸ್ಪೆಂಡ್ ಅಂದರೆ ರ‍್ಯಾಮ್‌ನಲ್ಲಿ (ಕರೆಂಟ್ ಇರುವ ತನಕ ಮಾತ್ರ ನೆನಪಿಡುವ ಜಾಗ) ಹೇಗಿದೆಯೋ ಹಾಗೇ ನಿಲ್ಲಿಸುವುದು. ಕ್ಲೋಸ್ ಅಂದರೆ ಆ ರ‍್ಯಾಮ್ ಖಾಲಿ ಮಾಡುವುದು. ಹೋಮ್ ಪರದೆಯಿಂದ ಕ್ಲೋಸ್ ಕೊಟ್ಟಾಗ ಕನ್ಸೋಲು ಗೇಮ್ ಹತ್ತಿರ ಹೋಗಿ "ಬರೆದಿಡುವುದು ಏನಾದರೂ ಬಾಕಿ ಇದೆಯೇನಪ್ಪ" ಅಂತ ಕೇಳಿಕೊಂಡು ಕೂರುವುದಿಲ್ಲ. ಕತ್ತು ಹಿಡಿದು ಹೊರಗೆ ದಬ್ಬುತ್ತದೆ. ಹಾಗಾಗಿ "ನಾನು ಕ್ಲೋಸ್ ಮಾಡುತ್ತೇನೆ, ನಾನು ಸೇಫ್" ಅನ್ನುವ ನಿಮ್ಮ ಧೈರ್ಯಕ್ಕೂ ಆಧಾರವಿಲ್ಲ.

ಕರೆಂಟ್‌ಹೋಯ್ತು
ಸೇವ್‌ಪಾಯಿಂಟ್ ಅವರು ಪುಸ್ತಕದ ಮಾತು ಹೇಳುತ್ತಿದ್ದಾರೆ. ಅವರು ಮಲೆನಾಡಿಗೆ ಬಂದು ಒಂದು ಜುಲೈ ತಿಂಗಳು ಇರಲಿ.

ನಮ್ಮ ಸಾಗರದ ಕಡೆ ಮಳೆಗಾಲದಲ್ಲಿ ರೆಸ್ಟ್ ಮೋಡ್ ಅಂದರೆ ಗಾಳಿಗಿಟ್ಟ ದೀಪ. ಕರೆಂಟ್ ದಿನಕ್ಕೆ ನಾಲ್ಕು ಸಲ ಹೋಗುತ್ತದೆ, ಬರುವಾಗ ಎರಡು ಸಲ ಕಣ್ಣು ಹೊಡೆದು ಬರುತ್ತದೆ. ರ‍್ಯಾಮ್‌ನಲ್ಲಿ ಇಟ್ಟದ್ದು ಅಷ್ಟರಲ್ಲಿ ಶಿವಾಯ ನಮಃ. ಆಮೇಲೆ ಕನ್ಸೋಲ್ ಆನ್ ಮಾಡಿದರೆ "ಸರಿಯಾಗಿ ಆಫ್ ಮಾಡಿಲ್ಲ" ಅಂತ ನಮಗೇ ಬೈಯುತ್ತದೆ. ನಾನೆಲ್ಲಿ ಆಫ್ ಮಾಡಿದೆ ಮಾರಾಯ!

ಕೆಲವು ವರ್ಷದ ಹಿಂದೆ, ಹಳೇ ಕನ್ಸೋಲ್ ಇದ್ದಾಗ, ಸೇವ್ ಆಗುವ ಚಿಹ್ನೆ ತಿರುಗುತ್ತಿರುವ ಹೊತ್ತಿಗೆ ಸರಿಯಾಗಿ ಕರೆಂಟ್ ಹೋಯಿತು. ಮತ್ತೆ ತೆರೆದರೆ ಸೇವ್ ಫೈಲ್ ಕೆಟ್ಟಿದೆ. 40 ಗಂಟೆಯ ಆಟ. ಇಟ್ಟಿದ್ದು ಒಂದೇ ಸ್ಲಾಟ್, ಅಂದರೆ ಒಂದೇ ಪ್ರತಿ. ಅವತ್ತಿನಿಂದ ಹಾಸನ್_ಹುಡುಗ ಮಾಡುವುದನ್ನೇ ನಾನೂ ಮಾಡುತ್ತೇನೆ. ಸೇವ್, ಕ್ಲೋಸ್, ಆಫ್, ದೀಪ ಆರಿತಾ ನೋಡು, ಪ್ಲಗ್ ಕಿತ್ತು ಹಾಕು. ಗುಡುಗು ಕೇಳಿದರೆ ಟಿವಿ ಕೇಬಲ್ ಕೂಡ.

ಸೇವ್‌ಪಾಯಿಂಟ್
ನಿಮ್ಮ ಕತೆ ಕೇಳಿ ಬೇಜಾರಾಯಿತು. ಆದರೆ ನಿಮ್ಮ ಸೇವ್ ಹೋದದ್ದು ರೆಸ್ಟ್ ಮೋಡ್‌ನಲ್ಲಿ ಅಲ್ಲ, ಆಡುತ್ತಿರುವಾಗ ಅಲ್ವಾ? ಆ ಕ್ಷಣದಲ್ಲಿ ಕ್ಲೋಸ್ ಮಾಡುವ ಅಭ್ಯಾಸ ಇದ್ದರೂ ಏನೂ ಉಳಿಯುತ್ತಿರಲಿಲ್ಲ. ಇದಕ್ಕೆ ಮದ್ದು ಎರಡು ಸ್ಲಾಟ್‌ನಲ್ಲಿ ಸೇವ್ ಮಾಡುವುದು, ಇಲ್ಲದಿದ್ದರೆ ಯುಪಿಎಸ್. ಪ್ಲಗ್ ಕೀಳುವುದಲ್ಲ.

ಕರೆಂಟ್‌ಹೋಯ್ತು
ಗುಡುಗಿಗೆ ಪ್ಲಗ್ ಕೀಳುವುದೇ ಮದ್ದು. ಅದರಲ್ಲಿ ವಾದ ಬೇಡ.

ಡಬ್ಲಿನ್‌ಮಳೆ
ನಾನು ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಕನ್ಸೋಲ್ ಇಟ್ಟುಕೊಂಡವನು. ಈ ಜಗಳ ನೋಡಿ ನಗು ಬರುತ್ತಿದೆ. 2020ರಲ್ಲಿ ಬಂದಾಗಿನಿಂದ ಇದರಲ್ಲಿ ಕ್ವಿಕ್ ರೆಸ್ಯೂಮ್ ಇದೆ. ಗೇಮ್ ಇದ್ದ ಸ್ಥಿತಿಯನ್ನೇ ಎತ್ತಿ ಎಸ್‌ಎಸ್‌ಡಿಗೆ ಬರೆದಿಡುತ್ತದೆ. ಒಂದಲ್ಲ, ಹಲವು ಗೇಮ್‌ಗಳದ್ದು. ಪ್ಲಗ್ ಕಿತ್ತು, ವಾರ ಬಿಟ್ಟು ಹಾಕಿದರೂ ನಿಂತ ಜಾಗದಿಂದಲೇ ಶುರು. ನಾನು ಕೈಯಾರೆ ಗೇಮ್ ಕ್ಲೋಸ್ ಮಾಡಿ ಎಷ್ಟು ಕಾಲ ಆಯಿತೋ ನೆನಪಿಲ್ಲ.

ಸೇವ್‌ಪಾಯಿಂಟ್
ಆನ್‌ಲೈನ್ ಗೇಮ್?

ಡಬ್ಲಿನ್‌ಮಳೆ
ಹಾಂ, ಅಲ್ಲಿ ಸ್ವಲ್ಪ ತಕರಾರು. ನಾವು ನಿದ್ದೆ ಮಾಡಿದರೂ ಸರ್ವರ್ ನಿದ್ದೆ ಮಾಡುವುದಿಲ್ಲ. ಕ್ವಿಕ್ ರೆಸ್ಯೂಮ್‌ನಿಂದ ಎದ್ದ ಗೇಮ್ ಇನ್ನೂ ಕನೆಕ್ಷನ್ ಇದೆ ಅಂದುಕೊಂಡಿರುತ್ತದೆ, ಅತ್ತ ಸರ್ವರ್ ಯಾವಾಗಲೋ ಬಾಗಿಲು ಹಾಕಿರುತ್ತದೆ. ಆಗ ಕ್ಲೋಸ್ ಮಾಡಿ ಮತ್ತೆ ತೆರೆಯುವುದೇ ದಾರಿ. ನಡುವಿನ ಎಕ್ಸ್‌ಬಾಕ್ಸ್ ಬಟನ್ ಒತ್ತಿ, ಗೇಮ್ ಮೇಲೆ ನಿಂತು, ಮೆನು ಬಟನ್ ಒತ್ತಿದರೆ ಕ್ವಿಟ್ ಅಂತ ಬರುತ್ತದೆ. ಸರಿ, ಒಪ್ಪಿದೆ, ಆನ್‌ಲೈನ್ ಗೇಮ್‌ಗಳನ್ನು ಕ್ಲೋಸ್ ಮಾಡುತ್ತೇನೆ.

ಹಳೇಕ್ಯಾಸೆಟ್
ಈ ಜಗಳಕ್ಕೆ ಮೂವತ್ತೈದು ವರ್ಷಕ್ಕಿಂತ ಜಾಸ್ತಿ ವಯಸ್ಸಾಗಿದೆ ಮಕ್ಕಳೇ.

1987ರಲ್ಲಿ ಅಮೆರಿಕದಲ್ಲಿ ದ ಲೆಜೆಂಡ್ ಆಫ್ ಜೆಲ್ಡಾ ಗೇಮಿನ ಕ್ಯಾಸೆಟ್ ಬಂತು. ಅದರೊಳಗೆ ಒಂದು ಪುಟ್ಟ ಬ್ಯಾಟರಿ, ಆ ಬ್ಯಾಟರಿ ಕಾಯುವ ಒಂದಿಷ್ಟು ರ‍್ಯಾಮ್. ಸೇವ್ ಇರುವುದು ಅಲ್ಲೇ. ಆಟ ಮುಗಿಸುವಾಗ ಪರದೆ ಒಂದು ವಿಚಿತ್ರ ಸೂಚನೆ ಕೊಡುತ್ತಿತ್ತು: ರೀಸೆಟ್ ಬಟನ್ ಒತ್ತಿ ಹಿಡಿದುಕೊಂಡೇ ಪವರ್ ಆಫ್ ಮಾಡಿ. ಮಂತ್ರ ಅಂತ ಕಾಣುತ್ತದೆ, ಆದರೆ ಕಾರಣ ಇದೆ. ಪವರ್ ಬಟನ್ ಒತ್ತಿದ ಕೂಡಲೇ ಕರೆಂಟ್ ಒಂದೇ ಏಟಿಗೆ ಸೊನ್ನೆಗೆ ಇಳಿಯುವುದಿಲ್ಲ, ಜಾರಿಕೊಂಡು ಇಳಿಯುತ್ತದೆ. ಆ ಕಣ್ಣುಮಿಟುಕಿನಲ್ಲಿ ಪ್ರೊಸೆಸರ್‌ಗೆ ತಲೆ ಕೆಟ್ಟು ಸೇವ್ ಇರುವ ಜಾಗದಲ್ಲಿ ಏನಾದರೂ ಗೀಚಿಬಿಡಬಹುದು. ರೀಸೆಟ್ ಒತ್ತಿ ಹಿಡಿದರೆ ಪ್ರೊಸೆಸರ್ ಕೈಕಟ್ಟಿ ನಿಂತಿರುತ್ತದೆ. ಗೀಚಲು ಆಗುವುದಿಲ್ಲ.

ನಮ್ಮ ಪಾಲಿಗೆ ಬಂದದ್ದು ಮಾತ್ರ ಸೇವ್ ಎನ್ನುವುದೇ ಇಲ್ಲದ ನಕಲಿ ಟಿವಿ ಗೇಮ್. "9999 ಇನ್ 1" ಅಂತ ಬರೆದಿರುವ ಹಳದಿ ಕ್ಯಾಸೆಟ್, ಒಳಗೆ ಇರುವುದು ಏಳೆಂಟು ಆಟ. ಸರಿಯಾಗಿ ಕ್ಲೋಸ್ ಮಾಡುವುದು ಅಂದರೆ ಅಪ್ಪ ಸ್ಕೂಟರ್ ನಿಲ್ಲಿಸುವ ಸದ್ದು ಕೇಳಿದ ತಕ್ಷಣ ವೈರ್ ಕೀಳುವುದು.

ಅಮ್ಮನೂ_ಆಡ್ತಾಳೆ
ಹಳೇಕ್ಯಾಸೆಟ್ ಅವರೇ, ಗೇಮ್‌ಕ್ಯೂಬ್‌ನ (ನಿಂಟೆಂಡೊದ ಹಳೇ ಕನ್ಸೋಲ್) ಅನಿಮಲ್ ಕ್ರಾಸಿಂಗ್ ಗೇಮ್ ಬಿಟ್ಟಿರಲ್ಲ! ಸೇವ್ ಮಾಡದೆ ಆಫ್ ಮಾಡಿದರೆ, ಮುಂದಿನ ಸಲ ಆನ್ ಮಾಡಿದಾಗ ನೆಲದೊಳಗಿಂದ ಒಂದು ಹೆಗ್ಗಣದಂಥ ಪ್ರಾಣಿ ಎದ್ದು ಬಂದು ಪುಟಗಟ್ಟಲೆ ಬೈಯುತ್ತದೆ. ಹೆಸರು ಮಿಸ್ಟರ್ ರಿಸೆಟ್ಟಿ. ಮತ್ತೆ ಮತ್ತೆ ಅದೇ ತಪ್ಪು ಮಾಡಿದರೆ ಬೈಗುಳವೂ ಬೆಳೆಯುತ್ತಾ ಹೋಗುತ್ತದೆ. 2020ರಲ್ಲಿ ನಿಂಟೆಂಡೊ ಸ್ವಿಚ್ ಕನ್ಸೋಲಿಗೆ ಬಂದ ಆವೃತ್ತಿಯಲ್ಲಿ ಗೇಮ್ ತಾನಾಗಿಯೇ ಸೇವ್ ಮಾಡುವ ಆಟೋಸೇವ್ ಇದೆ, ಪಾಪ ಅವನ ಆ ಕೆಲಸ ಹೋಯಿತು.

ನಮ್ಮ ಮನೆಯಲ್ಲಿ ಇರುವುದು ಸ್ವಿಚ್. ದುಬೈಯಿಂದ ಭಾವ ತಂದುಕೊಟ್ಟದ್ದು. ಹೋಮ್ ಬಟನ್ ಒತ್ತಿದರೆ ಗೇಮ್ ನಿಜವಾಗಿಯೂ ನಿಲ್ಲುತ್ತದೆ. ಪವರ್ ಬಟನ್ ಒಂದು ಸಲ ಮುಟ್ಟಿದರೆ ನಿದ್ದೆ. ಒಳಗೆ ಬ್ಯಾಟರಿ ಇರುವುದರಿಂದ ಕರೆಂಟ್ ಹೋದರೂ ಚಿಂತೆಯಿಲ್ಲ. ಮಗಳನ್ನು ಸ್ಕೂಲ್ ವ್ಯಾನ್ ಹತ್ತಿಸುವ ಮೊದಲು ಐದು ನಿಮಿಷ, ಸಾರು ಕುದಿಯುವಷ್ಟರಲ್ಲಿ ಹತ್ತು ನಿಮಿಷ. ನನ್ನ ಆಟವೆಲ್ಲ ನಡೆಯುವುದು ಹೀಗೆ. ಪ್ರತಿ ಸಲ ಕ್ಲೋಸ್ ಮಾಡಿ, ಲೋಗೋಗಳನ್ನೆಲ್ಲ ನೋಡಿಕೊಂಡು ಒಳಗೆ ಹೋಗು ಅಂದರೆ ನಾನು ಆಡುವುದೇ ಬಿಡುತ್ತೇನೆ. ಹೋಮ್‌ನಲ್ಲಿ ಎಕ್ಸ್ ಬಟನ್ ಒತ್ತಿದರೆ ಕ್ಲೋಸ್ ಆಗುತ್ತದೆ ಅಂತ ಗೊತ್ತು. ಮಗಳ ಗೇಮ್ ಹಾಕುವಾಗ ಮಾತ್ರ ಅದನ್ನು ಮುಟ್ಟುತ್ತೇನೆ.

ಹಾಸನ್_ಹುಡುಗ
ಅಂದರೆ ಎಲ್ಲರೂ ತಮ್ಮನ ಕಡೆಗೇ? ಫೋನಿನಲ್ಲಿ ಆ್ಯಪ್‌ಗಳನ್ನೆಲ್ಲ ಮೇಲಕ್ಕೆ ತಳ್ಳಿ ಕ್ಲೋಸ್ ಮಾಡಿದರೆ ಒಳ್ಳೆಯದು ಅಂತಾರಲ್ಲ. ಇದೂ ಹಾಗೇ ಅಲ್ವಾ? ಗೇಮ್ ತೆರೆದೇ ಇದ್ದರೆ ಕನ್ಸೋಲ್ ಸವೆಯುವುದಿಲ್ಲವಾ?

ಸೇವ್‌ಪಾಯಿಂಟ್
ಫೋನಿನಲ್ಲೇ ಅದು ಸುಮ್ನೆ ಕೈಕೆಲಸ. ತಳ್ಳಿದ ಆ್ಯಪನ್ನು ಮತ್ತೆ ಮೊದಲಿಂದ ತೆರೆಯಬೇಕಾದಾಗಲೇ ಬ್ಯಾಟರಿ ಜಾಸ್ತಿ ಖರ್ಚಾಗುವುದು.

ಆದರೆ ನಿಮ್ಮ ಪ್ರಶ್ನೆಯಲ್ಲಿ ಅರ್ಧ ಸತ್ಯ ಇದೆ, ಅದನ್ನು ಹೇಳಿಬಿಡುತ್ತೇನೆ. ಪಿಎಸ್5ರಲ್ಲಿ ಹೋಮ್ ಪರದೆಗೆ ಬರುವುದು ಬೇರೆ, ರೆಸ್ಟ್ ಮೋಡ್ ಬೇರೆ. ಹೋಮ್‌ಗೆ ಬಂದರೆ ಗೇಮ್ ನಿಲ್ಲುವುದಿಲ್ಲ, ಹಿಂದೆ ಓಡುತ್ತಲೇ ಇರುತ್ತದೆ. ನೀವು ಹೋಮ್‌ಗೆ ಬಂದು ಎರಡೂವರೆ ಗಂಟೆ ಸಿನಿಮಾ ನೋಡಿದರೆ ಹಿಂದೆ ಆ ಗೇಮ್ ಸುಮ್ನೆ ಚಿತ್ರ ಬಿಡಿಸುತ್ತಾ ಕೂತಿರುತ್ತದೆ. ಫ್ಯಾನ್ ಸದ್ದು ಕೇಳಿದರೆ ಗೊತ್ತಾಗುತ್ತದೆ. ಆಗ ಕ್ಲೋಸ್ ಮಾಡುವುದು ಸರಿ. ಹೋಮ್‌ನಲ್ಲಿ ಗೇಮಿನ ಚೌಕದ ಮೇಲೆ ನಿಂತು ಆಪ್ಷನ್ಸ್ ಬಟನ್, ಅಂದರೆ ಬಲಗಡೆಯ ಮೂರು ಗೆರೆಯದು, ಒತ್ತಿ. ಕ್ಲೋಸ್ ಗೇಮ್ ಅಂತ ಇರುತ್ತದೆ.

ಗೇಮ್‌ಗೆ ಅಪ್‌ಡೇಟ್ ಬಂದು ನಿಂತಿದ್ದರೂ ಕ್ಲೋಸ್ ಮಾಡಬೇಕು. ತೆರೆದ ಗೇಮ್ ಮೇಲೆ ಅಪ್‌ಡೇಟ್ ಕೂರುವುದಿಲ್ಲ.

ಎರ್ಡ್‌ಟ್ರೀ_ಕೆಳಗೆ
ಎಲ್ಲರೂ ಕನ್ಸೋಲ್ ಕಡೆಯಿಂದಲೇ ಮಾತಾಡುತ್ತಿದ್ದೀರಿ. ಗೇಮ್ ಏನು ಹೇಳುತ್ತದೆ ಕೇಳಿದಿರಾ?

2022ರ ಎಲ್ಡನ್ ರಿಂಗ್ ತೆಗೆದುಕೊಳ್ಳಿ. ಹೋಮ್‌ನಿಂದ ನೇರ ಕ್ಲೋಸ್ ಮಾಡಿ, ಮುಂದಿನ ಸಲ ತೆರೆದರೆ ಮೊದಲು ಬರುವುದು ಬುದ್ಧಿಮಾತು: ಕಳೆದ ಸಲ ಸರಿಯಾಗಿ ಮುಗಿಸಿಲ್ಲ, ಇನ್ನು ಮುಂದೆ ಸಿಸ್ಟಮ್ ಮೆನುವಿನ ಕ್ವಿಟ್ ಗೇಮ್‌ನಿಂದಲೇ ಹೊರಗೆ ಹೋಗಿ. ಏಕೆಂದರೆ ಆ ಗೇಮ್ ಆಡುವಾಗೆಲ್ಲ ಬೇಕಾದಷ್ಟು ಸಲ ತನ್ನಷ್ಟಕ್ಕೆ ಸೇವ್ ಮಾಡುತ್ತಿರುತ್ತದೆ. ಅದರ ಮೆನುವಿನಿಂದ ಹೊರಟರೆ ಕೊನೆಯ ಸಲ ಬರೆದು, ಟೈಟಲ್ ಪರದೆಗೆ ತಂದು ಬಿಡುತ್ತದೆ. ಆಮೇಲೆ ಕ್ಲೋಸ್ ಮಾಡಿ, ರೆಸ್ಟ್‌ಗೆ ಹಾಕಿ, ಮಳೆ ಬರಲಿ, ಸಿಡಿಲು ಬಡಿಯಲಿ.

ನನ್ನ ಪ್ರಕಾರ ಸರಿಯಾದ ಕ್ರಮ ಇದೊಂದೇ. ಮೊದಲು ಗೇಮಿನ ಒಳಗಿನಿಂದ ಟೈಟಲ್ ಪರದೆಗೆ ಬನ್ನಿ. ಆಮೇಲೆ ನಿಮ್ಮ ಇಷ್ಟ.

ಡಬ್ಲಿನ್‌ಮಳೆ
ಆ ಗೇಮಿನಲ್ಲಿ ಆಟ ನಿಲ್ಲಿಸುವ ಪಾಜ್ ಬಟನ್ನೇ ಇಲ್ಲವಲ್ಲ! ಮೆನು ತೆರೆದು ಕೂತರೆ ಹಿಂದಿನಿಂದ ಯಾರೋ ಬಂದು ಕೊಚ್ಚಿ ಹಾಕುತ್ತಾರೆ. ಹೆಂಡತಿ ಬಾಗಿಲು ತೆಗಿ ಅಂದಾಗ ನಾನು ಕನ್ಸೋಲನ್ನೇ ನಿದ್ದೆಗೆ ಹಾಕುತ್ತಿದ್ದೆ.

ಎರ್ಡ್‌ಟ್ರೀ_ಕೆಳಗೆ
ಕ್ವಿಟ್ ಗೇಮ್ ಒತ್ತಿ ಸ್ವಾಮಿ. ಅದೇ ಅಲ್ಲಿ ಪಾಜ್ ಬಟನ್. ಆಡುವವರೆಲ್ಲ ಅದನ್ನೇ ಮಾಡುವುದು.

ಅಮ್ಮನೂ_ಆಡ್ತಾಳೆ
ಎಲ್ಲ ಗೇಮೂ ಹಾಗಿರುವುದಿಲ್ಲ ಅಲ್ವಾ? ಕೆಲವು ಚೆಕ್‌ಪಾಯಿಂಟ್ (ಆಟದಲ್ಲಿ ಮೊದಲೇ ಗೊತ್ತುಮಾಡಿದ ಜಾಗ) ಬಂದಾಗ ಮಾತ್ರ ಸೇವ್ ಮಾಡುತ್ತವೆ. ಟೈಟಲ್ ಪರದೆಗೆ ಹೋದರೆ ಚೆಕ್‌ಪಾಯಿಂಟ್‌ನಿಂದ ಈಚೆಗೆ ಆಡಿದ್ದು ಹೋಗುತ್ತದೆ. ನಿಮ್ಮ "ಸರಿಯಾದ ಕ್ರಮ" ಅಲ್ಲಿ ನಷ್ಟ, ಸುಮ್ಮನೆ ನಿದ್ದೆಗೆ ಹಾಕುವುದೇ ಲಾಭ.

ಎರ್ಡ್‌ಟ್ರೀ_ಕೆಳಗೆ
ಹೌದು. ಅದು ನಿಜ. ನಾನು ಆಡುವುದು ಒಂದೇ ಗೇಮ್, ಹಾಗಾಗಿ ಲೋಕವೆಲ್ಲ ಹಾಗೇ ಅಂದುಕೊಂಡೆ.

ಕರೆಂಟ್‌ಹೋಯ್ತು
ಬಿಲ್ ವಿಷಯ ಯಾರೂ ಎತ್ತಲಿಲ್ಲ. ನಿದ್ದೆ ಮಾಡುವ ಕನ್ಸೋಲ್ ಊಟ ಬಿಟ್ಟಿರುವುದಿಲ್ಲ.

ಡಬ್ಲಿನ್‌ಮಳೆ
ಎಕ್ಸ್‌ಬಾಕ್ಸ್ ಲೆಕ್ಕ ಹೇಳಬಲ್ಲೆ. ಸ್ಲೀಪ್ ಮೋಡ್‌ನಲ್ಲಿ 10ರಿಂದ 15 ವ್ಯಾಟ್, ಪೂರ್ತಿ ಶಟ್‌ಡೌನ್‌ನಲ್ಲಿ ಸುಮಾರು 0.5 ವ್ಯಾಟ್ ಅಂತ ಮೈಕ್ರೋಸಾಫ್ಟೇ 2022ರಲ್ಲಿ ಹೇಳಿತ್ತು. ಆಮೇಲಿಂದ ಹೊಸ ಕನ್ಸೋಲ್‌ಗಳು ಶಟ್‌ಡೌನ್ ಆಯ್ಕೆಯಲ್ಲೇ ಬರುತ್ತಿವೆ. ಶಟ್‌ಡೌನ್ ಮಾಡಿದರೂ ಕ್ವಿಕ್ ರೆಸ್ಯೂಮ್ ಇರುವುದರಿಂದ ನನಗೆ ಏನೂ ನಷ್ಟವಿಲ್ಲ. ಆನ್ ಆಗಲು ಒಂದಷ್ಟು ಸೆಕೆಂಡ್ ಜಾಸ್ತಿ, ಅಷ್ಟೇ.

ಹಳೇಕ್ಯಾಸೆಟ್
12 ವ್ಯಾಟ್ ಅಂತ ಇಟ್ಟುಕೊಳ್ಳಿ. ದಿನಕ್ಕೆ 21 ಗಂಟೆ ನಿದ್ದೆ. ತಿಂಗಳಿಗೆ ಏಳೂವರೆ ಯೂನಿಟ್. ಯೂನಿಟ್‌ಗೆ 6 ರೂಪಾಯಿ ಹಿಡಿದರೂ 45 ರೂಪಾಯಿ. ಒಂದು ಮಸಾಲೆ ದೋಸೆಯೂ ಬರುವುದಿಲ್ಲ.

ಕರೆಂಟ್‌ಹೋಯ್ತು
ಗೃಹಜ್ಯೋತಿಯ ಮಿತಿಯ ಅಂಚಿನಲ್ಲಿ ಇರುವವರಿಗೆ ಏಳೂವರೆ ಯೂನಿಟ್ ಅಂದರೆ ಏನು ಅಂತ ನಮ್ಮಪ್ಪನನ್ನು ಕೇಳಿ. ಮಿತಿ ದಾಟಿದ ತಿಂಗಳು ಮನೆಯಲ್ಲಿ ಮೊದಲು ಬೈಸಿಕೊಳ್ಳುವುದೇ ಈ ಡಬ್ಬ.

ಸೇವ್‌ಪಾಯಿಂಟ್
ಇದು ಒಳ್ಳೆಯ ವಾದ. ಮೇಲಿನದೆಲ್ಲಕ್ಕಿಂತ ಒಳ್ಳೆಯದು.

ಹಾಸನ್_ಹುಡುಗ, ನಿಮಗೆ ನೇರ ಉತ್ತರ. ಇಬ್ಬರು ಹಂಚಿಕೊಳ್ಳುವ ಪಿಎಸ್5ರಲ್ಲಿ ಸಸ್ಪೆಂಡ್ ನಂಬಬೇಡಿ. ಇರುವುದು ಒಂದೇ ಕುರ್ಚಿ. ಎದ್ದು ಹೋಗುವ ಮೊದಲು ಸೇವ್ ಮಾಡುವ ಕೆಲಸ ತಮ್ಮನದು. ಎಚ್ಚರಿಕೆ ಬಂದಾಗ ಓಕೆ ಒತ್ತುವ ಮೊದಲು ಅವನನ್ನು ಕೂಗಿ ಕೇಳುವ ಕೆಲಸ ನಿಮ್ಮದು. ಕ್ಲೋಸ್ ಮಾಡಿದಿರೋ ಬಿಟ್ಟಿರೋ, ಅದು ಆಮೇಲಿನ ಮಾತು. ಮತ್ತೆ, ಕಿತ್ತಳೆ ದೀಪ ಉರಿಯುತ್ತಿದ್ದರೆ ಪ್ಲಗ್ ಮುಟ್ಟಬೇಡಿ. ಅದು ಆಫ್ ಅಲ್ಲ, ರೆಸ್ಟ್ ಮೋಡ್.

ಹಾಸನ್_ಹುಡುಗ
ಅಮ್ಮನ ಮುಂದೆಯೇ ಅವನ ಗೇಮ್ ತೆರೆಸಿ ನೋಡಿದೆ. ಆಟೋಸೇವ್ ಇತ್ತು! ಒಂದೂವರೆ ಗಂಟೆ ಅಂದನಲ್ಲ, ಹೋಗಿದ್ದು ಬರೀ ಹನ್ನೆರಡು ನಿಮಿಷ. ಎರಡು ದಿನ ನನ್ನ ಹತ್ತಿರ ಪಾತ್ರೆ ತೊಳೆಸಿದ್ದಾನೆ ಇದಕ್ಕೆ.

ಹಾಸನ್_ಹುಡುಗನ_ತಮ್ಮ
ಹನ್ನೆರಡು ಅಲ್ಲ, ಇಪ್ಪತ್ತು. ಅದೂ ಬಾಸ್, ಆ ಘಟ್ಟದ ದೊಡ್ಡ ಶತ್ರು, ಸಾಯುವ ಹೊತ್ತಿಗೆ. ಪಾತ್ರೆ ಇವತ್ತೂ ನಿನ್ನದೇ.