ಸೆಂಚೂರಿಯನ್ ಹಡಗು ಮತ್ತೆ ಎಂತ ಆಯ್ತು?

ಬಂದರ್‌ಹುಡುಗ: ಮಗನ ಶಾಲೆ ಪ್ರಾಜೆಕ್ಟಿಗೆ ಹಾಯಿಹಡಗಿನ ಬಗ್ಗೆ ಹುಡುಕ್ತಿದ್ದೆ, 1732ರಲ್ಲಿ ಪೋರ್ಟ್ಸ್‌ಮತ್‌ನಲ್ಲಿ ನೀರಿಗಿಳಿಸಿದ ಬ್ರಿಟಿಷ್ ಯುದ್ಧನೌಕೆ ಸೆಂಚೂರಿಯನ್, 60 ತೋಪು ಇತ್ತಂತೆ. ಅದರ ಕತೆ ಯಾರಿಗಾದ್ರೂ ಗೊತ್ತುಂಟಾ?

ಮಲ್ಪೆಗಾಳಿ: ದೊಡ್ಡ ಕತೆ ಮಾರಾಯ್ರೆ. 1736ರಲ್ಲಿ ಇಂಗ್ಲಿಷ್ ಗಡಿಯಾರ ತಯಾರಕ ಹ್ಯಾರಿಸನ್ ಮಾಡಿದ ಮೊದಲ ಸಮುದ್ರ ಗಡಿಯಾರವನ್ನ ಪರೀಕ್ಷೆಗೆ ಲಿಸ್ಬನ್‌ಗೆ ತಗೊಂಡು ಹೋದದ್ದು ಇದೇ ಹಡಗು. ಆಮೇಲೆ 1740ರಲ್ಲಿ ಬ್ರಿಟಿಷ್ ನೌಕಾ ಅಧಿಕಾರಿ ಆನ್ಸನ್ ಇದರಲ್ಲೇ ಲೋಕ ಸುತ್ತಲಿಕ್ಕೆ ಹೊರಟ, ಒಟ್ಟು ಎಂಟು ಹಡಗು, ಸುಮಾರು 1,900 ಜನ, ದಕ್ಷಿಣ ಅಮೆರಿಕದ ತುದಿಯ ಕೇಪ್ ಹಾರ್ನ್ ಹತ್ರ ಬಿರುಗಾಳಿ, ಅದರ ಮೇಲೆ ವಿಟಮಿನ್ ಸಿ ಕೊರತೆಯಿಂದ ಬರೋ ಸ್ಕರ್ವಿ ರೋಗ, ವಸಡು ಊದಿ ಹಲ್ಲು ಬಿದ್ದು ಹಳೇ ಗಾಯವೂ ಬಾಯಿ ಬಿಡ್ತಿತ್ತಂತೆ. ಕಡೆಗೆ ಲೋಕ ಸುತ್ತಿ ಊರು ಮುಟ್ಟಿದ್ದು ಇದೊಂದೇ.

ಪುನರ್ಪುಳಿ: ಎರಡು ಮೂಟೆ ಲಿಂಬೆ ಇದ್ದಿದ್ರೆ ಎಷ್ಟು ಜನ ಉಳೀತಿದ್ರೋ ಪಾಪ 😔

ಬಂದರ್‌ಹುಡುಗ: ಅಷ್ಟು ಜನ ಸತ್ತು ಸಿಕ್ಕಿದ್ದೆಂತ?

ಮಲ್ಪೆಗಾಳಿ: ಬೆಳ್ಳಿ! 1743 ಜೂನ್‌ನಲ್ಲಿ ಫಿಲಿಪ್ಪೀನ್ಸ್ ಹತ್ರ ಸ್ಪೇನಿನ ಕೋವಾಡೊಂಗಾ ಹಡಗು ಹಿಡಿದ್ರು, 13 ಲಕ್ಷಕ್ಕೂ ಹೆಚ್ಚು ನಾಣ್ಯ. ಕಾಗದದಲ್ಲಿ ಬ್ರಿಟನ್-ಸ್ಪೇನ್ ಯುದ್ಧ, ನಂಗೆ ಕಾಣೋದು ದರೋಡೆನೇ.

ಹಳೇಪಾತಿ: ಅಲ್ಲಿಗೆ ಮುಗಿಲಿಲ್ಲ. ತೋಪು 50ಕ್ಕೆ ಇಳಿಸಿ ಮತ್ತೆ ದುಡಿಸಿದ್ರು, 1758ರಲ್ಲಿ ಕೆನಡಾದ ಲೂಯಿಸ್‌ಬರ್ಗ್, 1759ರಲ್ಲಿ ಕ್ವಿಬೆಕ್, 1762ರಲ್ಲಿ ಕ್ಯೂಬಾದ ಹವಾನಾ, ಈ ಮೂರೂ ಕಡೆ ಯುದ್ಧಕ್ಕೆ ಹೋಗಿತ್ತು. 1769ರಲ್ಲಿ ಒಡೆದು ಹಾಕಿದ್ರು. ಮರದ ಹಡಗು 37 ವರ್ಷ, ನಮ್ಮ ಬೋಟಿನವರಿಗೆ ಕೇಳಿ ಅದೆಷ್ಟು ಕಷ್ಟ ಅಂತ.