ಸ್ಟೈಲೈಸ್ಡ್ ಪೋರ್ಟ್ರೇಟ್: ಅಜ್ಜಿಯ ಹೋಲಿಕೆ ಉಳೀತಾ ಇಲ್ಲ, ಏನು ಮಾಡಲಿ?

ಪ್ರಶ್ನೆ (ಕೊಪ್ಪಳದಿಂದ)
ಆರು ತಿಂಗಳಿಂದ ಕ್ರಿಟಾ ಅನ್ನೋ ಕಂಪ್ಯೂಟರ್ ಚಿತ್ರಕಲೆ ಸಾಫ್ಟ್‌ವೇರ್‌ನಲ್ಲಿ ಮುಖ ಬರೆಯುತ್ತಿದ್ದೇನೆ. ಈಗ ನಮ್ಮ ಅಜ್ಜಿಯ ಚಿತ್ರ. ಫೋಟೋದಲ್ಲಿ ಇದ್ದ ಹಾಗೇ ಬರೆದರೆ ಅಜ್ಜಿನೇ. ಸ್ಟೈಲೈಸ್ ಮಾಡೋಣ, ಅಂದ್ರೆ ಕೆಲವನ್ನು ಹಿಗ್ಗಿಸಿ ಕೆಲವನ್ನು ಸರಳ ಮಾಡೋಣ ಅಂತ ಕಣ್ಣು ದೊಡ್ಡದು, ಗದ್ದ ಚೂಪು ಮಾಡಿದೆ ಅಂದ್ರೆ ಬೇರೆ ಯಾರೋ ಆಗ್ತಾಳೆ. ಕೆನ್ನೆಗೆ ಏರ್‌ಬ್ರಷ್ (ಅಂಚು ಮೆತ್ತಗಿರೋ ಬ್ರಷ್) ಆಡಿಸಿದಷ್ಟೂ ಬಲೂನ್ ಥರ ಉಬ್ಬುತ್ತೆ. ಮೊದಲು ಏನು ಕಲಿಯಬೇಕು?

ಉತ್ತರ (ಬಳ್ಳಾರಿಯಿಂದ)
ನಾನು ಹದಿನೈದು ವರ್ಷ ಬೋರ್ಡ್, ಕಟೌಟ್ ಬರೆದವನು. ಏರ್‌ಬ್ರಷ್ ಸದ್ಯ ಪಕ್ಕಕ್ಕಿಡಿ. ಫೋಟೋವನ್ನು ಅರೆಗಣ್ಣಿನಿಂದ ನೋಡಿ. ಸಣ್ಣಪುಟ್ಟದ್ದೆಲ್ಲ ಮಾಯವಾಗಿ ಬೆಳಕು, ನಡುಬಣ್ಣ, ಕತ್ತಲು ಅಷ್ಟೇ ಉಳಿಯುತ್ತೆ. ಆ ಮೂರೇ ಬಣ್ಣದಲ್ಲಿ, ಗಟ್ಟಿ ಅಂಚಿನ ಬ್ರಷ್‌ನಲ್ಲಿ ಮುಖ ಮುಗಿಸಿ. ಬೆಳಕು ಮೇಲಿಂದ ಬಿದ್ದರೆ ಹಣೆ, ಮೂಗಿನ ದಂಡೆ, ಕೆನ್ನೆಯ ಮೂಳೆ ಹೊಳೆಯುತ್ತವೆ. ಕಣ್ಣಿನ ಗುಳಿ, ಮೂಗಿನ ಅಡಿ ಕತ್ತಲು. ಮೇಲ್ತುಟಿ ಕಪ್ಪು, ಕೆಳತುಟಿ ಬೆಳಕು. ಮುಖ ಎಲ್ಲೆಲ್ಲಿ ಯಾವ ಕಡೆಗೆ ತಿರುಗುತ್ತೆ ಅಂತ ಅರ್ಥವಾಗದಿದ್ದರೆ ‘ಅಸಾರೋ ಹೆಡ್’ (ಮುಖವನ್ನು ಚಪ್ಪಟೆ ತುಂಡುಗಳಾಗಿ ಒಡೆದು ತೋರಿಸೋ ತಲೆಯ ಮಾದರಿ) ಅಂತ ಹುಡುಕಿ, ಅದನ್ನು ನಾಲ್ಕೈದು ಕಡೆಯಿಂದ ಬರೆಯಿರಿ.

ಇನ್ನು ಹೋಲಿಕೆ. ಅಜ್ಜಿಗೆ ಹಲ್ಲು ಇವೆಯಾ? ಹಲ್ಲು ಹೋದವರ ತುಟಿ ಒಳಗೆ ಸರಿಯುತ್ತೆ, ಗದ್ದ ಮೇಲೆದ್ದು ಮೂಗಿನ ಹತ್ತಿರ ಬರುತ್ತೆ. ಹಾಗಿದ್ದರೆ ಆ ಅಂತರವನ್ನೇ ಇನ್ನಷ್ಟು ಗಿಡ್ಡ ಮಾಡಿ. ಮುಖದಲ್ಲಿ ಇರೋದನ್ನೇ ಜಾಸ್ತಿ ಮಾಡಬೇಕು, ಅಲ್ವಾ? ಇಲ್ಲದ್ದನ್ನು ಸುಮ್ನೆ ತಂದು ಅಂಟಿಸಿದರೆ ಹೋಲಿಕೆ ಹೋಗುತ್ತೆ. ದೊಡ್ಡ ಕಣ್ಣು, ಚೂಪು ಗದ್ದ ಎಳೆಯರ ಗುರುತು. ಅದಕ್ಕೇ ಬೇರೆಯವಳಾಗಿದ್ದು.

ಉತ್ತರ (ರಾಯಚೂರಿನಿಂದ)
ತಲೆಯನ್ನು ಪೂರ್ತಿ ಕಪ್ಪು ತುಂಬಿಸಿಯೂ ನೋಡಿ. ಅಂಚು ನೋಡಿಯೇ ಅಜ್ಜಿ ಅಂತ ಗೊತ್ತಾಗಬೇಕು. ನಿಮ್ಮ ಜಿಲ್ಲೆಯ ಮೊರನಾಳದವರೇ ಭೀಮವ್ವ ಶಿಳ್ಳೇಕ್ಯಾತರ, 2025ರಲ್ಲಿ ಪದ್ಮಶ್ರೀ ಬಂತಲ್ಲ, ಅವರ ತೊಗಲುಗೊಂಬೆಗಳನ್ನು ಗಮನಿಸಿ. ಮೂಗು, ಗದ್ದ, ಕಿರೀಟದ ಗೆರೆ ಎಷ್ಟು ಕೆಲಸ ಮಾಡುತ್ತೆ ಅಂತ ತಿಳಿಯುತ್ತೆ.

ಪ್ರಶ್ನೆ ಕೇಳಿದವರು
ಹೌದು, ಅಜ್ಜಿಗೆ ಮುಂದಿನ ಹಲ್ಲು ಒಂದೂ ಇಲ್ಲ! ನಾಲ್ಕು ದಿನ ಬರೀ ಮೂರು ಬಣ್ಣದಲ್ಲಿ ಬರೆದೆ. ಮೂಗಿಂದ ಗದ್ದದ ತನಕ ಗಿಡ್ಡ ಮಾಡಿದೆ, ತುಟಿಗೆ ಒಂದೇ ಕಪ್ಪು ಗೆರೆ ಎಳೆದೆ. ಅವ್ವ ಹಿಂದಿನಿಂದ ನೋಡಿ, ‘ಎಲೆಅಡಿಕೆ ಬಾಯಾಗ ಇಟ್ಕೊಂಡು ಕುಂತಾಳಲ್ಲ’ ಅಂದಳು. ಎಲೆಅಡಿಕೆ ನಾನು ಬರೆದೇ ಇಲ್ಲ. ಕಿವಿ ಮಾತ್ರ ಇನ್ನೂ ಮೇಲೆ ಹೋಗಿ ಕೂತಿದೆ.

ಉತ್ತರ (ಬಳ್ಳಾರಿಯಿಂದ)
ತಲೆ ನೇರ ಇದ್ದರೆ ಕಿವಿಯ ಮೇಲ್ತುದಿ ಹುಬ್ಬಿನ ಸಾಲಿಗೆ, ಹಾಲೆ ಮೂಗಿನ ಬುಡಕ್ಕೆ. ಆದರೆ ವಯಸ್ಸಾದವರ ಹಾಲೆ ಜೋತು ಬೀಳುತ್ತೆ. ಅಜ್ಜಿಯದನ್ನು ಇನ್ನೂ ಸ್ವಲ್ಪ ಕೆಳಗೆ ಎಳೆಯಿರಿ.