ಕೈಬೆರಳಿಗೂ ಕಾಲಿನ ಉಗುರಿಗೂ ಒಂದೇ ಟ್ಯೂಬು ನಡೆಯುತ್ತಾ?

ಖಾನಾವಳಿ ಅಕ್ಕ, ಹುಬ್ಬಳ್ಳಿ

ನಮಸ್ಕಾರ ರೀ. ದುರ್ಗದಬೈಲ್ ಕಡೆ ನಮ್ಮದೊಂದು ಸಣ್ಣ ಖಾನಾವಳಿ ಇದೆ. ದಿನಕ್ಕೆ 200 ಜೋಳದ ರೊಟ್ಟಿ ನನ್ನ ಕೈಯಿಂದಲೇ ಆಗಬೇಕು. ಬಿಸಿನೀರು, ಹಿಟ್ಟು, ಪಾತ್ರೆ ತಿಕ್ಕುವ ಪುಡಿ. ಬೆಳಿಗ್ಗೆ 6ಕ್ಕೆ ಒದ್ದೆಯಾದ ಕೈ ಒಣಗೋದು ರಾತ್ರಿ 10ಕ್ಕೆ.

ಮೂರು ತಿಂಗಳಿಂದ ಬಲಗೈಯ ಎರಡು ಬೆರಳಲ್ಲಿ ಉಗುರಿನ ಬುಡ ಊದಿದೆ. ಒತ್ತಿದರೆ ನೋವು. ಉಗುರಿನ ಮೇಲೆ ಅಡ್ಡ ಗೆರೆ ಬಿದ್ದಿವೆ. ಉಗುರುಸುತ್ತು ಅಂತ ಅತ್ತೆ ಬೆರಳಿಗೆ ನಿಂಬೆಹಣ್ಣು ಸಿಕ್ಕಿಸಿದರು. ಅದನ್ನು ಇಟ್ಟುಕೊಂಡು ರೊಟ್ಟಿ ಬಡಿಯೋದು ಹೇಗೆ, ನೀವೇ ಹೇಳಿ!

ಎಡಗಾಲಿನ ಹೆಬ್ಬೆರಳಿನದು ಬೇರೆಯೇ ಕಥೆ. ಎರಡು ವರ್ಷದಿಂದ ಉಗುರು ಹಳದಿ, ದಪ್ಪ, ತುದಿ ಪುಡಿಪುಡಿ. ನೋವಿಲ್ಲ, ಆದರೆ ನೇಲ್ ಕಟರ್ ಬಾಯಿಗೆ ಸಿಗುವುದಿಲ್ಲ. ಔಷಧ ಅಂಗಡಿಯಲ್ಲಿ ಎರಡಕ್ಕೂ ಫಂಗಸ್ ಅಂತ ಒಂದೇ ಟ್ಯೂಬು ಕೊಟ್ಟರು. ಕೈ ಒಂದು ವಾರ ಆರಾಮಾಯಿತು, ಬಿಟ್ಟ ಕೂಡಲೇ ಮತ್ತೆ ಊತ. ಕಾಲಿಗೆ ಏನೂ ಆಗಲಿಲ್ಲ. ಶುಗರ್ ಇಲ್ಲ. ಫಂಗಸ್ಸಿನ ಮಾತ್ರೆ ತಗೊಂಡರೆ ಲಿವರ್ ಹೋಗುತ್ತೆ ಅಂತ ಎಲ್ಲರೂ ಹೆದರಿಸುತ್ತಾರೆ. ಬಡಿಸುವಾಗ ಗಿರಾಕಿಗಳ ಕಣ್ಣು ನನ್ನ ಬೆರಳ ಮೇಲೇ ಇರುತ್ತೆ, ಅದೇ ಸಂಕಟ.

ಸ್ಲೈಡ್ ನೋಡುವವ, ಗದಗ

ಅಕ್ಕಾರ, ನಾನು ಡಾಕ್ಟರ್ ಅಲ್ಲ, ಲ್ಯಾಬ್‌ನಲ್ಲಿ ಕೆಲಸ. ಉಗುರು ಕೆಟ್ಟಿದೆ ಅಂತ ಬರುವವರಲ್ಲಿ ಹೆಚ್ಚುಕಡಿಮೆ ಅರ್ಧ ಮಂದಿಗೆ ಫಂಗಸ್ ಇರುವುದೇ ಇಲ್ಲ. ಸೋರಿಯಾಸಿಸ್ ಅನ್ನೋ ಚರ್ಮರೋಗ ಇರಬಹುದು, ಚಪ್ಪಲಿ ಒತ್ತಿ ಒತ್ತಿ ಉಗುರು ದಪ್ಪ ಆಗಿರಬಹುದು. ಕಣ್ಣಿಗೆ ಎಲ್ಲವೂ ಒಂದೇ ತರ.

ಮೊದಲು ಆ ಟ್ಯೂಬಿನ ಮೇಲಿನ ಸಣ್ಣ ಅಕ್ಷರ ಓದಿ. ಕ್ಲೋಬೆಟಸಾಲ್ ಅಥವಾ ಬೆಟಾಮೆಥಸೋನ್ ಅಂತ ಇದ್ದರೆ ಅದು ಸ್ಟೀರಾಯ್ಡ್. ಊತ ಇಳಿಸುತ್ತೆ, ಆದರೆ ಫಂಗಸ್ ಇರುವ ಕಡೆ ಅದಕ್ಕೇ ಗೊಬ್ಬರ ಹಾಕಿದ ಹಾಗೆ.

ಕಾಲಿನ ಉಗುರಿಗೆ ಕೆಒಎಚ್ ಪರೀಕ್ಷೆ ಮಾಡಿಸಿ. ಉಗುರಿನ ಪುಡಿಯನ್ನು ಪೊಟ್ಯಾಸಿಯಂ ಹೈಡ್ರಾಕ್ಸೈಡ್ ದ್ರಾವಣದಲ್ಲಿ ನೆನೆಸುತ್ತೇವೆ. ಉಗುರು ಕರಗಿ ತಿಳಿಯಾಗುತ್ತೆ, ಫಂಗಸ್ಸಿನ ಎಳೆಗಳು ಹಾಗೇ ಉಳಿದು ಮೈಕ್ರೋಸ್ಕೋಪಿನಲ್ಲಿ ಕಾಣುತ್ತವೆ. ಕಲ್ಚರ್‌ಗೂ, ಅಂದರೆ ಫಂಗಸ್ ಬೆಳೆಸಿ ನೋಡುವ ಪರೀಕ್ಷೆಗೂ ಕಳಿಸಿದರೆ ಮೂರು ನಾಲ್ಕು ವಾರ ಕಾಯಬೇಕು. ಜನ ಮನೆಯಲ್ಲೇ ಉಗುರಿನ ತುದಿ ಕತ್ತರಿಸಿ ಪೊಟ್ಟಣ ಕಟ್ಟಿ ತರುತ್ತಾರೆ. ಅದರಿಂದ ಉಪಯೋಗ ಕಮ್ಮಿ. ಉಗುರಿನ ಅಡಿಯಲ್ಲಿ, ಚೆನ್ನಾಗಿರುವ ಭಾಗಕ್ಕೆ ಹತ್ತಿರದ ಪುಡಿ ಬೇಕು. ಟ್ಯೂಬು ಹಚ್ಚುತ್ತಲೇ ಬಂದರೆ ಫಂಗಸ್ ಇದ್ದರೂ ಕಾಣದೆ ಹೋಗಬಹುದು. ಒಮ್ಮೆ ಇಲ್ಲ ಅಂತ ಬಂದರೆ ಅಷ್ಟಕ್ಕೇ ಬಿಡಬೇಡಿ, ಅನುಮಾನ ಇದ್ದರೆ ಇನ್ನೊಮ್ಮೆ ಕೊಡಿ.

ರಿಟೈರ್ಡ್ ಕಂಡಕ್ಟರ್, ಹಾವೇರಿ

ತಂಗಿ, ನನಗೆ ಎರಡೂ ಹೆಬ್ಬೆರಳಿಗೆ ಇತ್ತು. ಮೂವತ್ತು ವರ್ಷ ಬೂಟಿನಲ್ಲಿ ಬೆಂದ ಕಾಲು, ಬೆರಳ ಸಂದಿಯಲ್ಲಿ ಸದಾ ಕೆಸರುಹುಣ್ಣು. ಪರೀಕ್ಷೆ ಆದ ಮೇಲೆ ಟರ್ಬಿನಾಫಿನ್ 250 ಮಿಲಿಗ್ರಾಂ, ದಿನಕ್ಕೊಂದು, 12 ವಾರ ಕೊಟ್ಟರು. ಶುರು ಮಾಡುವ ಮೊದಲೇ ಲಿವರ್‌ನ ರಕ್ತ ಪರೀಕ್ಷೆ ಮಾಡಿಸಿದರು. ಸಂದಿಗೆ ಬೇರೆ ಕ್ರೀಮು. ಅದು ವಾಸಿಯಾಗದಿದ್ದರೆ ಉಗುರಿಗೆ ಮತ್ತೆ ಹತ್ತುತ್ತೆ ಅಂದರು. ಹಳೇ ಬೂಟು, ಕಾಲುಚೀಲ ಎಲ್ಲ ಎಸೆದೆ.

ಮಾತ್ರೆ ಮುಗಿದ ದಿನ ನೋಡಿದರೆ ಉಗುರು ಹಳದಿಯೇ! ಡಾಕ್ಟರ್ ಹತ್ತಿರ ಹೋಗಿ ಜಗಳಕ್ಕೇ ನಿಂತೆ. ಅವರು ನಕ್ಕು ಬುಡ ತೋರಿಸಿದರು. ಅಲ್ಲಿ ತೆಳ್ಳಗೆ ಒಳ್ಳೆ ಉಗುರು ಬಂದಿತ್ತು. ಕೆಟ್ಟಿದ್ದು ರಿಪೇರಿ ಆಗಲ್ಲ, ಹೊಸದು ಅದನ್ನು ಮುಂದಕ್ಕೆ ತಳ್ಳಬೇಕು. ಕಾಲಿನ ಹೆಬ್ಬೆರಳ ಉಗುರು ತಿಂಗಳಿಗೆ ಒಂದೂವರೆ ಮಿಲಿಮೀಟರ್ ಬೆಳೆದರೆ ಹೆಚ್ಚು. ಹಾವೇರಿಯಿಂದ ಹುಬ್ಬಳ್ಳಿಗೆ ಚಕ್ಕಡಿಯಲ್ಲಿ ಹೋದ ಹಾಗೆ. ನನಗೆ ಪೂರಾ ಬರಲು ಹದಿನಾಲ್ಕು ತಿಂಗಳು ಹಿಡಿಯಿತು.

ಖಾನಾವಳಿ ಅಕ್ಕ, ಹುಬ್ಬಳ್ಳಿ

ತಡವಾಗಿ ಬರೆಯುತ್ತಿದ್ದೇನೆ, ಕ್ಷಮಿಸಿ. ಇಲ್ಲಿನ ಕಿಮ್ಸ್ ಆಸ್ಪತ್ರೆಯ ಚರ್ಮದ ವಿಭಾಗಕ್ಕೆ ಹೋಗಿ ಬಂದೆ. ಕಾಲಿನದು ಫಂಗಸ್ಸೇ. ಕೈಯದು ಅಲ್ಲ! ಉಗುರಿನ ಬುಡಕ್ಕೆ ಅಂಟಿರುವ ತೆಳು ಚರ್ಮ ಒದ್ದೆಯಲ್ಲೇ ಸವೆದು ಹೋಗಿ, ಒಳಗೆ ನೀರು, ಸೋಪು ಸೇರಿ ಊದುತ್ತಿದೆಯಂತೆ. ತಮಾಷೆ ನೋಡಿ, ಕೈಗೆ ಈಗ ಸ್ಟೀರಾಯ್ಡ್ ಮುಲಾಮನ್ನೇ ಕೊಟ್ಟಿದ್ದಾರೆ, ಆದರೆ ಲೆಕ್ಕ ಹಾಕಿ ಮೂರು ವಾರ ಮಾತ್ರ. ಕಾಲಿಗೆ ಅದನ್ನು ಮುಟ್ಟಿಸಲೇಬಾರದು. ಪಾತ್ರೆಗೆ ಕೈ ಹಾಕುವಾಗ ಒಳಗೆ ಹತ್ತಿಯ ಗ್ಲೌಸು, ಮೇಲೆ ರಬ್ಬರ್ ಗ್ಲೌಸು. ಹಿಟ್ಟು ನಾದೋದು ಈಗ ಸೊಸೆ, ನಾನು ಬೇಯಿಸುವ ಕಡೆ.

ಕಾಲಿಗೆ ಕಂಡಕ್ಟರ್ ಕಾಕಾರು ಹೇಳಿದ ಮಾತ್ರೆಯೇ. ಲಿವರ್ ರಿಪೋರ್ಟ್ ಸರಿ ಇದೆ. ಹೊಟ್ಟೆನೋವು, ಕಣ್ಣು ಹಳದಿ, ಮೂತ್ರ ಕಡುಬಣ್ಣ ಕಂಡರೆ ನಿಲ್ಲಿಸಿ ತಕ್ಷಣ ಬನ್ನಿ ಅಂದಿದ್ದಾರೆ. ನನಗೆ ಲಿವರ್‌ಗಿಂತ ಇನ್ನೊಂದು ಮಾತಿನ ಹೆದರಿಕೆ ಹತ್ತಿದೆ. ಕೆಲವರಿಗೆ ಈ ಮಾತ್ರೆಯಿಂದ ನಾಲಿಗೆಯ ರುಚಿ ಹೋಗುತ್ತಂತೆ. ಖಾನಾವಳಿಯಲ್ಲಿ ಉಪ್ಪು ನೋಡುವವಳು ನಾನೇ ಅಲ್ವಾ? ಇವತ್ತು 19ನೇ ಮಾತ್ರೆ. ಎಣ್ಣೆಗಾಯಿ ಸರಿ ಇತ್ತು, ಸೊಸೆಯನ್ನೂ ಕೇಳಿ ಖಾತ್ರಿ ಮಾಡಿಕೊಂಡೆ.